ಬೀದರಿಗೆ ಬಂದ ರಷ್ಯಾದವನ ಪಾತ್ರ ಮಾಡಿದ ನಟ ಯಾರು?

ಚೌಬಾರಾ ಹುಡುಗ
ನಿನ್ನೆ ನಮ್ಮ ಕಾಕಾನ ಕರ್ಕೊಂಡು ಬೀದರಿನ ಗವಾನ್ ಮದರಸಾಕ್ಕೆ ಹೋಗಿದ್ದೆ, ಬಹಮನಿ ಮಂತ್ರಿ ಮಹಮೂದ್ ಗವಾನ್ ಕಟ್ಟಿಸಿದ್ದು. ಮಿನಾರಿನ ಮೇಲೆ ಉಳಿದಿರುವ ಬಣ್ಣದ ಹೆಂಚಿನ ಚೂರುಗಳನ್ನು ನೋಡುತ್ತಾ ಅವರು ಇದ್ದಕ್ಕಿದ್ದಂತೆ, "ಗವಾನ್ ಪಾತ್ರ ಪೃಥ್ವಿರಾಜ್ ಕಪೂರ್ ಮಾಡಿದ್ದರು, ನರ್ಗಿಸ್ ಜೋಡಿ ಒಬ್ಬ ಬಿಳಿ ಹುಡುಗ ಇದ್ದ" ಅಂದರು. ಸಿನಿಮಾ 'ಪರದೇಸಿ' ಅಂತೆ, ಬೀದರಿಗೆ ಬಂದ ರಷ್ಯಾದ ವ್ಯಾಪಾರಿಯ ಕಥೆ. ಆ ಹುಡುಗ ನಿಜವಾಗಿ ರಷ್ಯಾದವನಾ, ಇಲ್ಲಾ ಬಾಂಬೆಯವರೇ ಯಾರೋ ಕೂದಲಿಗೆ ಬಣ್ಣ ಹಾಕ್ಕೊಂಡಿದ್ದರಾ?

ಹಳೇ ರೀಲು
ಅಪ್ಪಟ ರಷ್ಯಾದವರು. ಒಲೆಗ್ ಸ್ತ್ರಿಝೆನೋವ್. ಹುಟ್ಟಿದ್ದು 1929ರಲ್ಲಿ, ಚೀನಾ ಗಡಿಗೆ ಅಂಟಿಕೊಂಡಿರುವ ಬ್ಲಗೊವೆಷ್ಚೆನ್ಸ್ಕ್ ಊರಲ್ಲಿ. 1955ರ 'ಓವೊದ್' ಸಿನಿಮಾದಿಂದ ಹೆಸರಾದರು. ಆದರೆ ನೋಡೋದಾದರೆ ಮೊದಲು 'ನಲವತ್ತೊಂದನೆಯವನು' ನೋಡಿ. ಗ್ರಿಗೊರಿ ಚುಖ್ರಾಯ್ 1956ರಲ್ಲಿ ಮಾಡಿದ್ದು, ಮರುವರ್ಷ ಕಾನ್ ಉತ್ಸವದಲ್ಲಿ ವಿಶೇಷ ಬಹುಮಾನ ಬಂತು. ರಷ್ಯಾದ ಅಂತರ್ಯುದ್ಧದ ಕಥೆ. ಇವರು ಸೆರೆ ಸಿಕ್ಕ ಬಿಳಿ ಸೇನೆಯ (ಕಮ್ಯುನಿಸ್ಟರ ವಿರೋಧಿಗಳ) ಅಧಿಕಾರಿ, ಕಾಯೋಳು ಕಮ್ಯುನಿಸ್ಟರ ಕೆಂಪು ಸೇನೆಯ ಗುರಿ ತಪ್ಪದ ಬಂದೂಕುಗಾರ್ತಿ. ಇಬ್ಬರೇ ಒಂದು ದ್ವೀಪದಲ್ಲಿ ಸಿಕ್ಕಿಹಾಕಿಕೊಂಡು ಪ್ರೀತಿಗೆ ಬೀಳುತ್ತಾರೆ. ಕೊನೆಗೆ ತನ್ನ ಕಡೆಯವರ ದೋಣಿ ಕಂಡಿತು ಅಂತ ಅವನು ನೀರಿನ ಕಡೆ ಓಡುತ್ತಾನೆ, ಅವಳು ಬಂದೂಕು ಎತ್ತುತ್ತಾಳೆ. ಆ ನೀಲಿ ಕಣ್ಣುಗಳನ್ನು ಮರೆಯೋಕೆ ಆಗಲ್ಲ ಬಿಡಿ.

ಕೋಟೆ ಬದಿಯವ
ಸಿನಿಮಾ ಸರಿ ರೀ, ಅಸಲಿ ಮನುಷ್ಯನ ಬಗ್ಗೆಯೂ ಒಂದು ಮಾತು ಹೇಳಿ! ಅಫನಾಸಿ ನಿಕಿತಿನ್, ತ್ವೇರ್ ಊರಿನ ವ್ಯಾಪಾರಿ, ಬಹಮನಿ ಕಾಲದಲ್ಲಿ ನಮ್ಮ ಬೀದರಿಗೆ ಬಂದು ಕಂಡಿದ್ದೆಲ್ಲ ಬರೆದಿಟ್ಟವನು. ಒಂದು ಕುದುರೆ ತಂದಿದ್ದ. ಜುನ್ನರಿನಲ್ಲಿ ಅಲ್ಲಿನ ಅಧಿಕಾರಿ ಖಾನ್ ಅದನ್ನು ಕಿತ್ಕೊಂಡು, ಮತ ಬದಲಿಸಿದರೆ ಮಾತ್ರ ವಾಪಸ್ ಅಂದ. ಹೇಗೋ ಬಿಡಿಸಿಕೊಂಡು ಬಂದು ಬೀದರಿನಲ್ಲಿ ಮಾರಿದ. ಪಾಪ, ವಾಪಸ್ ಹೋಗುವಾಗ ಊರು ಮುಟ್ಟುವ ಮೊದಲೇ ದಾರಿಯಲ್ಲಿ ತೀರಿಕೊಂಡ.

ಕಲಬುರಗಿ ಟಾಕೀಸು
ಸ್ತ್ರಿಝೆನೋವ್ ಸುಮ್ನೆ ಚಂದದ ಮುಖ ಅಷ್ಟೇ, ಆಮೇಲೆ ಜಾಸ್ತಿ ಏನೂ ಮಾಡಲಿಲ್ಲ ಅಲ್ವಾ?

ಹಳೇ ರೀಲು
ಹಂಗಂದ್ರೆ ಹೆಂಗೆ ಅಣ್ಣಾ. 'ಪರದೇಸಿ' ಅಂದರೆ ಭಾರತ ಮತ್ತು ಸೋವಿಯತ್ ಸೇರಿ ಮಾಡಿದ ಮೊದಲ ಕಥಾಚಿತ್ರ. ನಿರ್ದೇಶಕರೂ ಇಬ್ಬರು, ಇಲ್ಲಿಂದ ಕೆ.ಎ. ಅಬ್ಬಾಸ್, ಅಲ್ಲಿಂದ ವಸೀಲಿ ಪ್ರೋನಿನ್. ಅದಾದ ಮೇಲೆ ಪುಷ್ಕಿನ್ ಕಥೆಗಳು, ದಸ್ತಯೆವ್ಸ್ಕಿಯ 'ಬಿಳಿ ರಾತ್ರಿಗಳು' ಎಲ್ಲ ಮಾಡಿದರು. 'ಯುದ್ಧ ಮತ್ತು ಶಾಂತಿ' ಸಿನಿಮಾದ ಬೊಲ್ಕೊನ್ಸ್ಕಿ ಪಾತ್ರ ಕೈಗೆ ಬಂದಿತ್ತು, ಬೇಡ ಅಂದರು, ಅದು ಇನ್ನೊಬ್ಬ ನಟ ತೀಖೊನೊವ್‌ಗೆ ಹೋಯಿತು. ನನ್ನ ಲೆಕ್ಕದಲ್ಲಿ ಅದು ತಪ್ಪು. ಆದರೆ ಅವರಿಗೆ ನಾಟಕದ ಹುಚ್ಚು, ಮಾಸ್ಕೋ ಆರ್ಟ್ ಥಿಯೇಟರ್‌ನಲ್ಲಿ ಹತ್ತು ವರ್ಷ ಇದ್ದರು. 1988ರಲ್ಲಿ ಸೋವಿಯತ್ ಒಕ್ಕೂಟದ ಜನತಾ ಕಲಾವಿದ ಬಿರುದು ಸಿಕ್ಕಿತು. 2025ರ ಫೆಬ್ರವರಿಯಲ್ಲಿ ತೀರಿಕೊಂಡರು, 95 ವರ್ಷ ಆಗಿತ್ತು.

ಚೌಬಾರಾ ಹುಡುಗ
ಎಲ್ಲರಿಗೂ ಥ್ಯಾಂಕ್ಸ್. ಕಾಕಾಗೆ ಪೂರ್ತಿ ಓದಿ ಹೇಳಿದೆ. ಕಣ್ಣು ಮುಚ್ಕೊಂಡು ಕೇಳಿ, "ಅದೆಲ್ಲ ಇರಲಿ, ಕುದುರೆ ಎಷ್ಟಕ್ಕೆ ಮಾರಿದನಂತೆ ಕೇಳು" ಅಂದರು.