ಬ್ರೂಕ್ ಫಾರ್ಮ್ ಶಾಲೆ ಮತ್ತು ನಮ್ಮ ಮನೆಯ ಗುಂಪು

ಶಾಂತಾ ಚಿಕ್ಕಮ್ಮ, ಕುವೆಂಪುನಗರ: (ಹಲವು ಬಾರಿ ಫಾರ್ವರ್ಡ್ ಆಗಿದೆ) ಅಮೆರಿಕದ ಬ್ರೂಕ್ ಫಾರ್ಮ್‌ನಲ್ಲಿ ಬೆತ್ತವಿಲ್ಲದ ಶಾಲೆ ನಡೆಸಿದರು. ಮಕ್ಕಳು ಹಾದಿ ತಪ್ಪಿದರು. ಆರೇ ವರ್ಷದಲ್ಲಿ ಬಾಗಿಲು ಮುಚ್ಚಿತು! ತಂದೆತಾಯಿಗಳೇ, ಎಚ್ಚರ!

ಶಾಂತಾ ಚಿಕ್ಕಮ್ಮ: ಸುಮಾ, ಮಗುವನ್ನು ಆ ತೋಟದ ಶಾಲೆಗೆ ಸೇರಿಸುವ ಮೊದಲು ಇದನ್ನು ಓದು.

ದೊಡ್ಡಪ್ಪ, ಮಂಡ್ಯ: ಗುರುವಿನ ಭಯವಿಲ್ಲದ ಕಡೆ ವಿದ್ಯೆ ನಿಲ್ಲುವುದಿಲ್ಲ. ಜೀವಮಾನವೆಲ್ಲ ಪಾಠ ಹೇಳಿದವನ ಮಾತಿದು.

ರಘು: ಚಿಕ್ಕಮ್ಮ, ಇದನ್ನು ಬರೆದವರು ಯಾರು? ಆಧಾರ ಎಲ್ಲಿದೆ?

ಶಾಂತಾ ಚಿಕ್ಕಮ್ಮ: ಯೋಗದ ಗುಂಪಿನಲ್ಲಿ ಬಂತು. ಎಲ್ಲದಕ್ಕೂ ಆಧಾರ ಕೇಳುತ್ತೀಯ. ಊರಿನ ಮನೆಗೆ ಹೆಂಚು ಹೊದಿಸಿದ ಲೆಕ್ಕ ಕೇಳಿದಾಗ ಮಾತ್ರ ನಿನ್ನ ಬಾಯಿಗೆ ಬೀಗ.

ಕುಮಾರ: ತೋಟ ಎಂದಾಗ ಅಜ್ಜನ ಆಲೆಮನೆ ನೆನಪಾಯಿತು. ಕೊಪ್ಪರಿಗೆಯ ಬಿಸಿ ಪಾಕವನ್ನು ಬಾಳೆ ಎಲೆಯ ಮೇಲೆ ಹಾಕಿಸಿಕೊಂಡು ನೆಕ್ಕುತ್ತಿದ್ದೆವು. ರಘು, ನಾಲಿಗೆ ಸುಟ್ಟುಕೊಂಡು ಅತ್ತದ್ದು ಜ್ಞಾಪಕವಿದೆಯೇ?

ರಘು: ಕುಮಾರಣ್ಣ, ಒಂದು ನಿಮಿಷ. ಈ ಸಂದೇಶ ತಪ್ಪು. ಜಾರ್ಜ್ ರಿಪ್ಲಿ ಪಾದ್ರಿ ಕೆಲಸ ಬಿಟ್ಟು, ಹೆಂಡತಿ ಸೋಫಿಯಾ ಜೊತೆ 1841ರಲ್ಲಿ ಬಾಸ್ಟನ್ ಹತ್ತಿರ ಬ್ರೂಕ್ ಫಾರ್ಮ್ ಎಂಬ, ಎಲ್ಲರೂ ಒಟ್ಟಿಗೆ ದುಡಿದು ಬದುಕುವ ತೋಟ ಕಟ್ಟಿದರು. ಓದುವವರು ಒಂದು ಕಡೆ, ದುಡಿಯುವವರು ಒಂದು ಕಡೆ ಎಂಬುದು ಇರಬಾರದು ಎಂಬುದೇ ಅವರ ಆಸೆ. ಶಾಲೆಯ ಮಕ್ಕಳು ಗ್ರೀಕ್, ಲ್ಯಾಟಿನ್, ಸಂಗೀತ ಕಲಿಯುತ್ತಿದ್ದರು. ದಿನಕ್ಕೆ ಒಂದೆರಡು ಗಂಟೆ ಕೈಕೆಲಸವನ್ನೂ ಮಾಡುತ್ತಿದ್ದರು. ಕಾಲೇಜು ಸೇರುವವರಿಗೆ ಆರು ವರ್ಷದ ತಯಾರಿ ಇತ್ತು. ಮರಳು ನೆಲ, ಬೇಸಾಯ ಕೈಹಿಡಿಯಲಿಲ್ಲ. ವರಮಾನ ತಂದದ್ದು ಶಾಲೆಯೇ. ಸಾಲ ಮಾಡಿ ದೊಡ್ಡ ಕಟ್ಟಡ ಎಬ್ಬಿಸಿದರು. ಅದು ಮುಗಿಯುವ ಮೊದಲೇ, 1846ರ ಮಾರ್ಚ್ 3ರ ರಾತ್ರಿ, ಸುಟ್ಟುಹೋಯಿತು. ವಿಮೆ ಇರಲಿಲ್ಲ. ಮರುವರ್ಷ ಎಲ್ಲವೂ ಮುಗಿಯಿತು. ಇದರಲ್ಲಿ ಮಕ್ಕಳ ತಪ್ಪು ಎಲ್ಲಿದೆ?

ದೊಡ್ಡಪ್ಪ: ಅಂತೂ ಮುಚ್ಚಿದ್ದು ನಿಜ ತಾನೇ?

ಸುಮಾ: ದೊಡ್ಡಪ್ಪ, ಈಗಿನ ಶಾಲೆಯಲ್ಲಿ ಬರೆದು ಬರೆದು ನನ್ನ ಮಗನ ಬೆರಳು ಊದಿಕೊಂಡಿತ್ತು. ಅದನ್ನು ಇಲ್ಲಿ ಯಾರೂ ಕೇಳಲಿಲ್ಲ.

ಕುಮಾರ: ಆ ಕಾದಂಬರಿಕಾರ ಹಾಥಾರ್ನ್ ಅಲ್ಲಿದ್ದರಲ್ಲವೇ?

ರಘು: ಹೌದು. ಸಾವಿರ ಡಾಲರ್ ಹಾಕಿ, ಗೊಬ್ಬರ ಎತ್ತಿ, ಬರೆಯಲು ಬಿಡುವೇ ಇಲ್ಲವೆಂದು 1841ರಲ್ಲೇ ಹೊರಟುಹೋದರು. ಆಮೇಲೆ ಹಣಕ್ಕಾಗಿ ಕೋರ್ಟಿಗೂ ಹೋದರು.

ಶಾಂತಾ ಚಿಕ್ಕಮ್ಮ: ಹಣ ಹಾಕಿದವರು ವಾಪಸು ಕೇಳಿದರೆ ತಪ್ಪೇ? ಹೆಂಚಿಗೆ ಕೊಟ್ಟದ್ದು ನನ್ನ ಬಳೆ ಅಡವಿಟ್ಟ ಹಣ.

ರಘು: ತಪ್ಪಲ್ಲ ಚಿಕ್ಕಮ್ಮ. ರಿಪ್ಲಿ ಆಮೇಲೆ ನ್ಯೂಯಾರ್ಕ್ ಟ್ರಿಬ್ಯೂನ್ ಪತ್ರಿಕೆಯಲ್ಲಿ ದುಡಿದು ವರ್ಷಗಟ್ಟಲೆ ಆ ಸಾಲ ತೀರಿಸಿದರು.

ಶಾಂತಾ ಚಿಕ್ಕಮ್ಮ: ಮರ್ಯಾದಸ್ಥರು. ನಿನ್ನ ಅಪ್ಪನಿಗೂ ಇದನ್ನು ಓದಿ ಹೇಳು.

ಕುಮಾರ: ಚಿಕ್ಕಪ್ಪ ಮಳೆಗಾಲದಲ್ಲಿ ಒಬ್ಬರೇ ಮಾಡು ಹತ್ತಿ ಹೆಂಚು ಸರಿಪಡಿಸಿದ್ದನ್ನು ಯಾರೂ ಲೆಕ್ಕಕ್ಕೆ ಹಿಡಿಯುವುದಿಲ್ಲ.

ಸುಮಾ: ನಾನು ಸೋಮವಾರ ಅವನನ್ನು ಸೇರಿಸುತ್ತಿದ್ದೇನೆ. ದೊಡ್ಡಪ್ಪ, ನೀವೂ ಬಂದು ಆ ಶಾಲೆಯನ್ನು ನೋಡಿ.

ದೊಡ್ಡಪ್ಪ: ಬರುತ್ತೇನೆ. ಆದರೆ ಮಗ್ಗಿ ಮಾತ್ರ ಬಾಯಿಪಾಠ ಆಗಲೇಬೇಕು.