ಮುಸಿದೋರಾ: ಆ ಒಂದು ಪಾತ್ರದ ಆಚೆಗೆ ಏನಿದೆ?

ರಂಗಪ್ರಿಯ, ಬಳ್ಳಾರಿ:
ರಂಗಭೂಮಿಯಿಂದ ಸಿನಿಮಾಕ್ಕೆ ಹೋದ ನಟಿಯರ ಕುರಿತು ನಮ್ಮ ಹವ್ಯಾಸಿ ತಂಡ ಒಂದು ಉಪನ್ಯಾಸ ಇಟ್ಟುಕೊಂಡಿದೆ. ಸ್ತ್ರೀ ಪಾತ್ರವನ್ನು ಸ್ತ್ರೀಯರೇ ಮಾಡಬೇಕೆಂದು ಪಟ್ಟು ಹಿಡಿದ ಬಳ್ಳಾರಿ ರಾಘವರ ಊರು ನಮ್ಮದು. ಅವರ ಕಾಲದಲ್ಲೇ ಬೇರೆ ದೇಶದ ನಟಿಯರು ಏನು ಮಾಡುತ್ತಿದ್ದರೆಂಬುದನ್ನೂ ಹೇಳಬೇಕೆಂಬ ಆಸೆಯಿಂದ ಫ್ರಾನ್ಸಿನ ಮೂಕಿಚಿತ್ರಗಳ ನಟಿ ಮುಸಿದೋರಾ ಅವರನ್ನು ಆರಿಸಿಕೊಂಡಿದ್ದೇನೆ. ಆದರೆ ಎಲ್ಲಿ ನೋಡಿದರೂ ‘ಲೆ ವಾಂಪೀರ್’ ಚಿತ್ರದ, ಮೈಗೆ ಅಂಟಿದ ಕಪ್ಪು ಉಡುಪಿನ ಅದೇ ಭಾವಚಿತ್ರ. ಅದರಾಚೆ ಅವರ ವೃತ್ತಿಜೀವನದಲ್ಲಿ ಹೇಳುವಂಥದ್ದು ಏನಿದೆ? ತಿಳಿದವರು ದಯವಿಟ್ಟು ವಿವರಿಸಬೇಕು.

ಮೂಕಿಪ್ರೇಮಿ, ರಾಯಚೂರು:
ಆ ಪಾತ್ರವನ್ನು ಬದಿಗಿಟ್ಟು ಮುಂದೆ ಹೋಗಬೇಡಿ ಎಂದು ಮೊದಲು ಕೇಳಿಕೊಳ್ಳುತ್ತೇನೆ. 1889ರಲ್ಲಿ ಪ್ಯಾರಿಸ್ಸಿನಲ್ಲಿ ಹುಟ್ಟಿದ ಜಾನ್ ರೋಕ್ ಅವರು ಮುಸಿದೋರಾ ಎಂಬ ಹೆಸರಿನಲ್ಲಿ ನಾಟಕ ಮತ್ತು ಹಾಡು-ಕುಣಿತದ ರಂಗಮಂದಿರಗಳಲ್ಲಿ ಪಳಗಿ, ಆನಂತರ ಗೋಮೋಂ ಕಂಪನಿಯ ನಿರ್ದೇಶಕ ಲೂಯಿ ಫೊಯಾದ್ ಅವರ ಚಿತ್ರಗಳಿಗೆ ಬಂದವರು. ಮೊದಲ ಮಹಾಯುದ್ಧದ ನಡುವೆ, 1915-16ರಲ್ಲಿ, 10 ಕಂತುಗಳಾಗಿ ತೆರೆಕಂಡ ‘ಲೆ ವಾಂಪೀರ್’ ರಕ್ತ ಹೀರುವ ಪಿಶಾಚಿಗಳ ಕಥೆಯಲ್ಲ. ಪ್ಯಾರಿಸ್ಸನ್ನು ನಡುಗಿಸುವ ಕಳ್ಳರ ಗುಂಪಿನ ಕಥೆ. ಮುಸಿದೋರಾ ಕಾಣಿಸಿಕೊಳ್ಳುವುದು ಮೂರನೆಯ ಕಂತಿನಲ್ಲಿ. ಗುಂಪಿನ ಬೆನ್ನು ಹತ್ತಿದ ಪತ್ರಕರ್ತ ಒಂದು ಭಿತ್ತಿಪತ್ರದ ಮುಂದೆ ನಿಲ್ಲುತ್ತಾನೆ. ಅದರಲ್ಲಿದ್ದ ‘ಇರ್ಮಾ ವೆಪ್’ ಎಂಬ ಹಾಡುಗಾರ್ತಿಯ ಹೆಸರಿನ ರೋಮನ್ ಅಕ್ಷರಗಳು ನೋಡನೋಡುತ್ತಿದ್ದಂತೆ ಜಾಗ ಬದಲಿಸಿ ‘ವಾಂಪೀರ್’ ಎಂದಾಗುತ್ತವೆ. ಮುಂದೆ ಆಕೆ ಮನೆಗೆಲಸದವಳಾಗಿ, ಬ್ಯಾಂಕಿನ ನೌಕರಳಾಗಿ, ಸಿರಿವಂತ ಯುವಕನಾಗಿ ವೇಷ ಬದಲಿಸುವಾಗ ನಿಲುವು, ನಡಿಗೆ, ತಲೆ ತಿರುಗಿಸುವ ಬಗೆ ಎಲ್ಲವೂ ಬದಲಾಗುತ್ತವೆ. ಇದು ರಂಗಭೂಮಿ ಕೊಟ್ಟ ಶಿಸ್ತು ಎಂಬುದು ನನ್ನ ದೃಢವಾದ ಅಭಿಪ್ರಾಯ, ನಿಮ್ಮ ಉಪನ್ಯಾಸಕ್ಕೆ ಬೇಕಾದದ್ದೂ ಇದೇ. ಬಳಿಕ ಅದೇ ನಿರ್ದೇಶಕರ ‘ಜೂದೆಕ್ಸ್’ನಲ್ಲಿ ದಿಯಾನಾ ಮೊಂತಿ ಎಂಬ ಖಳನಾಯಕಿಯಾದರು.

ತುಂಗಭದ್ರೆ, ಕೊಪ್ಪಳ:
ಮೂಕಿಪ್ರೇಮಿಯವರ ಮಾತನ್ನು ಒಪ್ಪುತ್ತೇನೆ. ಆದರೆ ಮುಸಿದೋರಾ ಅವರ ದೊಡ್ಡ ಸಾಹಸ ಶುರುವಾಗುವುದೇ ಆಮೇಲೆ. ಖಳನಾಯಕಿಯಾಗಿಯೇ ಸುಖವಾಗಿ ದುಡಿಯಬಹುದಾಗಿದ್ದ ಅವರು ತಮ್ಮದೇ ಹೆಸರಿನ ಚಿತ್ರಸಂಸ್ಥೆ ಕಟ್ಟಿದರು, ಗೆಳತಿ, ಲೇಖಕಿ ಕೊಲೆತ್ ಅವರ ಬರಹಗಳನ್ನು ತೆರೆಗೆ ತಂದರು, ನಿರ್ದೇಶನಕ್ಕೂ ಇಳಿದರು. 1919ರಲ್ಲಿ ‘ವಿಸೆಂತಾ’, 1921ರಲ್ಲಿ ಸ್ಪೇನಿನ ಸಿಂಹಾಸನದ ಕಲಹವನ್ನು ಹಿನ್ನೆಲೆಯಾಗಿಟ್ಟುಕೊಂಡ ‘ಪೂರ್ ದೋನ್ ಕಾರ್ಲೋಸ್’, 1922ರಲ್ಲಿ ತಾವೇ ಎರಡು ಪಾತ್ರಗಳಲ್ಲಿ ನಟಿಸಿದ ‘ಸೊಲೇಯ್ ಎ ಓಂಬ್ರ್’, 1924ರಲ್ಲಿ ಗೂಳಿ ಕಾಳಗದ ನಾಡಿನ ಕುರಿತ ಚಿತ್ರ ಬಂದವು. ಸ್ವಂತ ಕಂಪನಿ ಕಟ್ಟುವುದೆಂದರೆ ಏನೆಂಬುದನ್ನು ನಾಟಕ ಕಂಪನಿಗಳನ್ನು ಕಂಡ ನಮ್ಮ ಭಾಗದವರಿಗೆ ಬಿಡಿಸಿ ಹೇಳಬೇಕಾಗಿಲ್ಲ: ಬಣ್ಣ ಹಚ್ಚುವವರೇ ಸಾಲ, ಕಲಾವಿದರ ಊಟ-ವಸತಿ, ನಷ್ಟ ಎಲ್ಲಕ್ಕೂ ಹೆಗಲು ಕೊಡಬೇಕು. ಅಂಥ ಭಾರವನ್ನು ಒಬ್ಬ ಹೆಣ್ಣುಮಗಳು ಆ ಕಾಲದಲ್ಲಿ ಹೊತ್ತರೆಂಬುದನ್ನು ದಯವಿಟ್ಟು ಒತ್ತಿ ಹೇಳಿ.

ರಂಗಪ್ರಿಯ, ಬಳ್ಳಾರಿ:
ಇಬ್ಬರಿಗೂ ಕೃತಜ್ಞತೆಗಳು. ಇಷ್ಟೆಲ್ಲ ಮಾಡಿದವರ ಹೆಸರು ನಿರ್ದೇಶಕಿಯರ ಸಾಲಿನಲ್ಲಿ ಏಕೆ ಅಷ್ಟಾಗಿ ಕೇಳಿಬರುವುದಿಲ್ಲ?

ಮೂಕಿಪ್ರೇಮಿ, ರಾಯಚೂರು:
ಮುಖ್ಯ ಕಾರಣ ಚಿತ್ರಗಳೇ ಉಳಿಯದಿರುವುದು. ಆಗಿನ ನೈಟ್ರೇಟ್ ಫಿಲ್ಮು ಬೇಗ ಹೊತ್ತಿಕೊಳ್ಳುವಂಥದ್ದು, ಹಾಗೆಯೇ ಇಟ್ಟರೂ ಕೊಳೆಯುವಂಥದ್ದು. ಆ ಕಾಲದ ಅಸಂಖ್ಯ ಚಿತ್ರಗಳೊಂದಿಗೆ ಮುಸಿದೋರಾ ಅವರ ಕೆಲಸದ ಒಂದು ಭಾಗವೂ ಹಾಗೆಯೇ ಹೋಯಿತು. ನನ್ನ ಮನಸ್ಸನ್ನು ತುಂಬ ತಟ್ಟುವ ಸಂಗತಿ ಇದಕ್ಕೇ ಸೇರಿದ್ದು: ತೆರೆಯಿಂದ ದೂರವಾದ ಮೇಲೆ, ಕೊನೆಯ ವರ್ಷಗಳಲ್ಲಿ ಅವರು ಪ್ಯಾರಿಸ್ಸಿನ ಸಿನಿಮಾತೆಕ್ ಫ್ರಾಂಸೇಜ್‌ನಲ್ಲಿ ದುಡಿದರು. ಹಳೆಯ ಚಿತ್ರಗಳನ್ನು ಹುಡುಕಿ ಕಾಪಾಡುವ ಆ ಸಂಸ್ಥೆಯಲ್ಲಿ, ಮೂಕಿಯುಗದವರ ನೆನಪುಗಳನ್ನು ಕಲೆಹಾಕುವ ಕೆಲಸದಲ್ಲಿ ತೊಡಗಿ, 1957ರಲ್ಲಿ ತೀರಿಕೊಂಡರು. 1970ರ ದಶಕದಲ್ಲಿ ಪ್ಯಾರಿಸ್ಸಿನಲ್ಲಿ ಮಹಿಳಾ ಚಿತ್ರೋತ್ಸವ ನಡೆಸಿದ ಸ್ತ್ರೀವಾದಿ ಬಳಗ ತನಗೆ ‘ಮುಸಿದೋರಾ’ ಎಂದೇ ಹೆಸರಿಟ್ಟುಕೊಂಡಿತು.

ತುಂಗಭದ್ರೆ, ಕೊಪ್ಪಳ:
ಒಂದು ಸಲಹೆ. ಭಾಷಣವಷ್ಟೇ ಸಾಲದು, ಪರದೆ ಕಟ್ಟಿ ಮೂರನೆಯ ಕಂತನ್ನು ಪೂರ್ತಿ ತೋರಿಸಿ. ಸುಭದ್ರಮ್ಮ ಮನ್ಸೂರು ಅವರಂಥ ಕಲಾವಿದೆಯನ್ನು ರಂಗದ ಮೇಲೆ ಕಂಡ ನಿಮ್ಮೂರಿನ ಹಿರಿಯರು ಮಾತಿಲ್ಲದ ಆ ಅಭಿನಯವನ್ನು ನಮಗಿಂತ ಚೆನ್ನಾಗಿ ಅಳೆಯಬಲ್ಲರು. ಅವರ ಅಭಿಪ್ರಾಯವನ್ನು ತಪ್ಪದೆ ಇಲ್ಲಿ ಬರೆಯಿರಿ.