ಭಾನುವಾರ 11 ಗಂಟೆ: ನಮ್ಮ ಮನೆಯ ವಾಟ್ಸಾಪ್ ಗುಂಪಿನ ಜಗಳ

ಅತ್ತೆ ಗುಂಪಿಗೆ ಫಾರ್ವರ್ಡ್ ಮಾಡಿದ ಸಂದೇಶ ಇದು: “ಭಾನುವಾರ ಬೆಳಗ್ಗೆ 11 ಗಂಟೆ ಅಮೆರಿಕದಲ್ಲಿ ಅತಿ ಹೆಚ್ಚು ಭೇದಭಾವದ ಗಂಟೆ – ಮಹಾತ್ಮ ಗಾಂಧಿ. ನಮಗೆ ಸಮಾನತೆ ಬೋಧಿಸಿದ ಮಿಷನರಿಗಳ ದೇಶದಲ್ಲಿ ಕಪ್ಪು ಜನರು ಬಿಳಿಯರ ಚರ್ಚಿಗೆ ಹೋಗಬಾರದು ಅಂತ 1968ರ ತನಕ ಕಾನೂನಿತ್ತು. ಎಲ್ಲರಿಗೂ ಕಳಿಸಿ.”

ನಮ್ಮದು ಕೋಲಾರದ ಮೆಥೊಡಿಸ್ಟ್ ಮನೆತನ, ಅಂದರೆ ಪ್ರೊಟೆಸ್ಟಂಟ್ ಕ್ರೈಸ್ತರ ಒಂದು ಪಂಗಡ. ಅಜ್ಜ ಓದಿದ್ದು ಅಮೆರಿಕನ್ ಮಿಷನ್ ಶಾಲೆಯಲ್ಲಿ. ನಮ್ಮಲ್ಲಿ ಅರ್ಧ ಜನ ಹುಟ್ಟಿದ್ದು ಆ ಮಿಷನ್ನಿನವರೇ ಕಟ್ಟಿದ ಇಟಿಸಿಎಂ ಆಸ್ಪತ್ರೆಯಲ್ಲಿ. ಅತ್ತೆ ಮಾತ್ರ ಬಹಳ ಹಿಂದೆಯೇ ನಮ್ಮ ಸಭೆ (ಚರ್ಚನ್ನು ನಾವು ಹಾಗೆ ಕರೆಯುವುದು) ಬಿಟ್ಟು ಪೆಂತೆಕೋಸ್ತ ಅನ್ನುವ ಇನ್ನೊಂದು ಕ್ರೈಸ್ತ ಪಂಗಡದವರ ಜೊತೆ ಸೇರಿದರು. ಆಗ ಮನೆಯವರು ಆಡಿದ ಮಾತುಗಳನ್ನು ಅವರು ಮರೆತಿಲ್ಲ. ಹಾಗಾಗಿ ಆ ಸಂದೇಶ ಅಮೆರಿಕದ ಬಗ್ಗೆ ಅಂತ ಯಾರೂ ಓದಲಿಲ್ಲ. ನಮ್ಮ ಸಭೆಯ ಮೇಲೆ ಬಿದ್ದ ಕಲ್ಲು ಅಂತಲೇ ಓದಿದರು.

ಮೊದಲು ಬಂದವರು ಭಾವ. ಬ್ಯಾಂಕಿನಲ್ಲಿ ಆಡಿಟ್ ಮಾಡಿ ನಿವೃತ್ತರಾದವರು. “ಮೂಲ ಯಾವುದು? ಗಾಂಧೀಜಿ ಯಾವ ಊರಲ್ಲಿ, ಯಾವ ತಾರೀಖು ಹೇಳಿದ್ರು?”

ಆಮೇಲೆ ದೊಡ್ಡಪ್ಪ. “ದೇವರ ಸೇವಕರ ಮೇಲೆ ಬೆರಳು ತೋರಿಸುವವರು ಮೊದಲು ತಮ್ಮ ಕಣ್ಣಿನ ತೊಲೆ ನೋಡಿಕೊಳ್ಳಲಿ. ಆ ಆಸ್ಪತ್ರೆ ಕಟ್ಟಿದವರು ಯಾರು? ನಮಗೆ ಅಕ್ಷರ ಕೊಟ್ಟವರು ಯಾರು?”

ಇದರ ಮಧ್ಯೆ ಚಿಕ್ಕಪ್ಪನ ಮಗ ಮಿಷನ್ ಕಾಂಪೌಂಡಿನ ಹಳೆಯ ಫೋಟೋ ಹಾಕಿದ. ಮಿಸ್ಸಮ್ಮ, ಅಂದರೆ ಮಿಷನರಿ ಹೆಂಗಸು, ಸಂಡೇ ಸ್ಕೂಲಲ್ಲಿ ಕೊಡುತ್ತಿದ್ದ ಚಿತ್ರದ ಕಾರ್ಡು ಯಾರ ಹತ್ರ ಉಳಿದಿದೆ ಅಂತ ಕೇಳಿದ. ಕ್ರಿಸ್ಮಸ್ ಮರದ ಕೆಳಗೆ ಕೂತು ಹಾಡಿದ್ದು, ಅಜ್ಜಿಯ ಕಲ್‌ಕಲ್ ತಿಂಡಿಯ ಡಬ್ಬ, ರಾತ್ರಿ ಮನೆಮನೆಗೆ ಕ್ಯಾರಲ್ ಹೋಗಿದ್ದು ಎಲ್ಲ ಬಂತು. ಹೃದಯದ ಚಿಹ್ನೆಗಳು ಬಿದ್ದವು. ಅತ್ತೆ ಕಳಿಸಿದ್ದು ಮೇಲೆ ಎಲ್ಲೋ ಹೋಯಿತು.

ನನಗೆ ಸುಮ್ನೆ ಇರಲಾಗಲಿಲ್ಲ. ಈ ವಿಷಯವನ್ನು ನಾನು ತುಂಬ ವರ್ಷದಿಂದ ಓದುತ್ತಿದ್ದೇನೆ. ನಮ್ಮ ಸಭೆಯ ತಾಯಿಬೇರು ಅಲ್ಲಿರುವಾಗ ಅಲ್ಲಿ ಏನಾಯಿತು ಅಂತ ತಿಳಿಯುವುದು ನಮ್ಮ ಕೆಲಸವೇ ಅಂತ ನಂಬಿದ್ದೇನೆ.

ಮಾತು ಗಾಂಧೀಜಿಯದಲ್ಲ ಅಂತ ಮೊದಲು ಬರೆದೆ. ಮಾರ್ಟಿನ್ ಲೂಥರ್ ಕಿಂಗ್ 1960ರ ಏಪ್ರಿಲ್ 17ರಂದು ಟಿವಿ ಸಂದರ್ಶನದಲ್ಲಿ ಅದನ್ನು ಹೇಳಿದರು. ಅವರೇ ಬ್ಯಾಪ್ಟಿಸ್ಟ್ ಅನ್ನುವ ಪ್ರೊಟೆಸ್ಟಂಟ್ ಪಂಗಡದ ಪಾಸ್ಟರ್, ಪಾಸ್ಟರ್ ಮಗ. ಹೊರಗಿನವರು ಮಾಡಿದ ದೂಷಣೆ ಅಲ್ಲ ಅದು. ತಮ್ಮ ದೇಶಕ್ಕೆ ಇದು ನಾಚಿಕೆಗೇಡು ಅಂತ ಸಭೆಯ ಒಳಗಿನವರೇ ಹೇಳಿದ ಮಾತು.

“ನೋಡಿ, ಫಾರ್ವರ್ಡ್ ಸುಳ್ಳು” ಅಂತ ಭಾವ. “ಹೇಳಿದೆನಲ್ಲ” ಅಂತ ದೊಡ್ಡಪ್ಪ. ಗಾಂಧಿ ಅಲ್ಲ, ಕಿಂಗ್ ಅಂತ ಗೊತ್ತಾದ ತಕ್ಷಣ ಇಬ್ಬರಿಗೂ ವಿಷಯ ಮುಗಿದುಹೋಯಿತು. ಅತ್ತೆ ಕೋಪದಲ್ಲಿ ಬರೆದರು: “ಹೆಸರು ತಪ್ಪಿರಬಹುದು. ಮಾತು ತಪ್ಪಾ?”

ಅತ್ತೆಯ ಪ್ರಶ್ನೆ ಸರಿಯಾಗಿತ್ತು. ಅದಕ್ಕೇ ಎರಡನೇ ತಪ್ಪನ್ನೂ ಬಿಡಿಸಿ ಹೇಳಿದೆ. ಬಸ್ಸು, ಶಾಲೆ, ರೈಲಿನ ಡಬ್ಬಿ ಇವಕ್ಕೆಲ್ಲ ದಕ್ಷಿಣದ ರಾಜ್ಯಗಳಲ್ಲಿ ವರ್ಣಭೇದದ ಕಾನೂನಿತ್ತು. ಆದರೆ ಚರ್ಚಿನ ಬಾಗಿಲು ಮುಚ್ಚಿದ್ದು ಸಭೆಯ ಸಮಿತಿಯವರೇ. ಕೂತು ಚರ್ಚಿಸಿ, ಪ್ರಾರ್ಥನೆ ಮಾಡಿ, ಮತ ಹಾಕಿ ಮುಚ್ಚಿದರು. ಕಾನೂನಿತ್ತು ಅಂದುಬಿಟ್ಟರೆ ಅವರ ಹೊರೆ ಇಳಿದುಹೋಗುತ್ತದೆ, ಅಲ್ವಾ? ಯಾರೂ ಬಲವಂತ ಮಾಡಲಿಲ್ಲ. ತಾವಾಗೇ ಮಾಡಿದರು. ನನಗೆ ಸಂಕಟ ಕೊಡುವುದು ಇದೇ.

ಆಗ ದೊಡ್ಡಪ್ಪ ಒಂದು ಗಟ್ಟಿ ಮಾತು ಹಾಕಿದರು. ಅವರು ಬರೀ ಬೈಯುವವರಲ್ಲ, ಓದಿಕೊಂಡವರು. “ನಮ್ಮಲ್ಲಿಗೆ ಬಂದವರು ಅಮೆರಿಕದ ಉತ್ತರದ ಮೆಥೊಡಿಸ್ಟರು. ಗುಲಾಮಗಿರಿ ಬೇಡ ಅಂತ ದಕ್ಷಿಣದವರಿಂದ ಬೇರೆಯಾದವರು. ದಕ್ಷಿಣದವರ ಪಾಪ ನಮ್ಮ ಮಿಸ್ಸಮ್ಮನವರ ತಲೆಗೆ ಕಟ್ಟಬೇಡಿ.”

ಅರ್ಧ ನಿಜ. 1844ರಲ್ಲಿ ಬಿಷಪ್ ಜೇಮ್ಸ್ ಆಂಡ್ರ್ಯೂ ಗುಲಾಮರನ್ನು ಇಟ್ಟುಕೊಂಡಿದ್ದಾರೆ ಅನ್ನೋದೇ ದೊಡ್ಡ ಜಗಳವಾಯಿತು. ಅದರಿಂದ ಮೆಥೊಡಿಸ್ಟ್ ಸಭೆ ಎರಡಾಯಿತು. ಮರುವರ್ಷ, 1845ರಲ್ಲಿ, ಬ್ಯಾಪ್ಟಿಸ್ಟರಲ್ಲೂ ಅದೇ ಕಥೆ. ಗುಲಾಮರ ಒಡೆಯನನ್ನು ಮಿಷನರಿಯಾಗಿ ಕಳಿಸಬಹುದಾ ಅನ್ನುವ ಪ್ರಶ್ನೆ ಎದ್ದು, ಜಾರ್ಜಿಯಾದ ಆಗಸ್ಟಾದಲ್ಲಿ ದಕ್ಷಿಣದ ಬ್ಯಾಪ್ಟಿಸ್ಟರು ಬೇರೆ ಒಕ್ಕೂಟ ಕಟ್ಟಿಕೊಂಡರು.

ಆದರೆ ಫಿಲಡೆಲ್ಫಿಯಾ ಇರುವುದು ಉತ್ತರದಲ್ಲಿ. ಅಲ್ಲಿನ ಸೇಂಟ್ ಜಾರ್ಜ್ ಮೆಥೊಡಿಸ್ಟ್ ಚರ್ಚಿನಲ್ಲಿ 18ನೇ ಶತಮಾನದ ಕೊನೆಗೇ ಇದು ನಡೆದಿತ್ತು. ರಿಚರ್ಡ್ ಆಲನ್ ಗುಲಾಮನಾಗಿ ಹುಟ್ಟಿ, ದುಡಿದು, ತನ್ನ ಬಿಡುಗಡೆಯನ್ನು ತಾನೇ ಕೊಂಡುಕೊಂಡ ಬೋಧಕ. ಅವರೂ ಗೆಳೆಯ ಅಬ್ಸಲಮ್ ಜೋನ್ಸ್ ಅವರೂ ಆ ಸಭೆಯಲ್ಲಿದ್ದರು. ಕಟ್ಟಡದ ಕೆಲಸಕ್ಕೆ ಕಪ್ಪು ಸದಸ್ಯರೂ ಹಣ ಕೊಟ್ಟಿದ್ದರು, ಬೆವರು ಸುರಿಸಿದ್ದರು. ಒಂದು ಭಾನುವಾರ ಅವರು ಮೊಣಕಾಲೂರಿ ಪ್ರಾರ್ಥಿಸುತ್ತಿದ್ದಾಗ ಸಭೆಯ ಟ್ರಸ್ಟಿಯೊಬ್ಬರು ಬಂದು ಜೋನ್ಸ್ ಅವರನ್ನು ಹಿಡಿದು ಎಬ್ಬಿಸಿದರು. ಇದು ನಿಮ್ಮ ಜಾಗ ಅಲ್ಲ ಅಂದರು. ಪ್ರಾರ್ಥನೆ ಮುಗಿಯಲಿ, ಆಮೇಲೆ ನಿಮಗೆ ತೊಂದರೆ ಕೊಡೋದಿಲ್ಲ ಅಂದರು ಜೋನ್ಸ್. ಅಷ್ಟಕ್ಕೂ ಕಾಯಲಿಲ್ಲ. ಪ್ರಾರ್ಥನೆ ಮುಗಿದ ಮೇಲೆ ಕಪ್ಪು ಸದಸ್ಯರೆಲ್ಲ ಒಟ್ಟಿಗೆ ಎದ್ದು ಹೊರಗೆ ನಡೆದರು. ಆಲನ್ 1794ರಲ್ಲಿ ಬೆತೆಲ್ ಸಭೆ ಶುರು ಮಾಡಿದರು. 1816ರಲ್ಲಿ ಅದು ಆಫ್ರಿಕನ್ ಮೆಥೊಡಿಸ್ಟ್ ಎಪಿಸ್ಕೋಪಲ್ ಅನ್ನುವ ಸ್ವತಂತ್ರ ಸಭೆಯಾಯಿತು.

ಇದನ್ನು ಬರೆದಾಗ ಚಿಕ್ಕಮ್ಮ ಮೊದಲ ಬಾರಿ ಬಾಯಿ ಬಿಟ್ಟರು. “ಮೊಣಕಾಲೂರಿದವರನ್ನು ಎಬ್ಬಿಸಿದರಾ?” ಅಂತ ಮಾತ್ರ ಕೇಳಿದರು.

ಭಾವನಿಗೆ ಅಂಕಿ ಬೇಕಿತ್ತು. 1939ರ ಕಥೆ ಹೇಳಿದೆ. ದೊಡ್ಡಪ್ಪನ ವಾದಕ್ಕೂ ಉತ್ತರ ಅಲ್ಲೇ ಇದೆ. ಆ ವರ್ಷ ಉತ್ತರದ ಮೆಥೊಡಿಸ್ಟರೂ ದಕ್ಷಿಣದವರೂ ಮತ್ತೆ ಒಂದಾದರು. ದಕ್ಷಿಣದವರು ಒಪ್ಪಬೇಕಾದರೆ ಒಂದು ಬೆಲೆ ಕೊಡಬೇಕಿತ್ತು. ದೇಶವನ್ನು ಭೂಪಟದ ಲೆಕ್ಕದಲ್ಲಿ ಐದು ವಿಭಾಗ ಮಾಡಿದರು. ಆರನೆಯದನ್ನು ಚರ್ಮದ ಬಣ್ಣದ ಲೆಕ್ಕದಲ್ಲಿ ಮಾಡಿದರು. ಅದೇ ಸೆಂಟ್ರಲ್ ಜುರಿಸ್ಡಿಕ್ಷನ್. ಕಪ್ಪು ಜನರ ಕಾನ್ಫರೆನ್ಸುಗಳೆಲ್ಲ (ಒಂದೊಂದು ಪ್ರದೇಶದ ಚರ್ಚುಗಳ ಆಡಳಿತ ಕೂಟ), ಎಷ್ಟೇ ದೂರದ ರಾಜ್ಯದಲ್ಲಿರಲಿ, ಅದರೊಳಗೆ. ಅವರ ಬಿಷಪ್ಪರು ಬೇರೆ, ಕೂಟಗಳು ಬೇರೆ. ಉತ್ತರದ ಸಭೆಯ 1936ರ ಮಹಾಸಮ್ಮೇಳನದಲ್ಲಿ ಈ ಯೋಜನೆ ಮತಕ್ಕೆ ಬಂದಾಗ 47 ಕಪ್ಪು ಪ್ರತಿನಿಧಿಗಳಿದ್ದರು. 36 ಜನ ವಿರೋಧಿಸಿದರು, 11 ಜನ ಮತ ಹಾಕಲೇ ಇಲ್ಲ. ಪರವಾಗಿ ಒಬ್ಬರೂ ಇಲ್ಲ. ಆದರೂ ಪಾಸಾಯಿತು. ಒಂದಾದ ಸಂತೋಷಕ್ಕೆ ಎಲ್ಲರೂ ಎದ್ದು ಹಾಡಿದಾಗ ಕಪ್ಪು ಪ್ರತಿನಿಧಿಗಳು ಕೂತೇ ಇದ್ದರು. ಕೆಲವರು ಅತ್ತರು.

ಫಾರ್ವರ್ಡಿನಲ್ಲಿದ್ದ 1968 ಬಂದಿದ್ದು ಇಲ್ಲಿಂದಲೇ ಇರಬೇಕು. ಯುನೈಟೆಡ್ ಮೆಥೊಡಿಸ್ಟ್ ಸಭೆ ರೂಪುಗೊಂಡ ಆ ವರ್ಷ ಈ ಆರನೇ ವಿಭಾಗ ರದ್ದಾಯಿತು. ದೇಶದ ಕಾನೂನಲ್ಲ, ಸಭೆಯ ಸಂವಿಧಾನ. ಬರೆದವರು ಉತ್ತರ, ದಕ್ಷಿಣ ಎರಡೂ ಕಡೆಯವರು.

ದೊಡ್ಡಪ್ಪ ಇದಕ್ಕೆ ಉತ್ತರ ಕೊಡಲಿಲ್ಲ. “ಹಿರಿಯರ ಮಧ್ಯೆ ಹೀಗೆ ಉದ್ದುದ್ದ ಬರೆಯೋದು ಯಾವ ಸಂಸ್ಕಾರ?” ಅಂತ ಕೇಳಿದರು. ಚಿಕ್ಕಪ್ಪನ ಮಗ ನನ್ನ ಪರ ನಿಲ್ಲಲು ಹೋಗಿ, ದೊಡ್ಡಪ್ಪ ತನ್ನ ಮದುವೆಗೆ ಬರದೇ ಇದ್ದದ್ದನ್ನು ಎತ್ತಿದ. ದೊಡ್ಡಪ್ಪ, ಕಾರ್ಡಿನಲ್ಲಿ ತಮ್ಮ ಹೆಸರು ಎಲ್ಲಿ ಹಾಕಿದ್ದರು ಅನ್ನುವುದನ್ನು ಎತ್ತಿದರು. ಅದು ರಾತ್ರಿ ಊಟದ ತನಕ ನಡೆಯಿತು. ಬರೆಯುವಂಥದ್ದೇನೂ ಅದರಲ್ಲಿಲ್ಲ.

ಊಟದ ಮೇಲೆ ಅತ್ತೆ ಮತ್ತೆ ಬಂದರು. “ಅದಕ್ಕೇ ನಾನು ಸಭೆ ಬಿಟ್ಟಿದ್ದು. ಪೆಂತೆಕೋಸ್ತದಲ್ಲಿ ಕಪ್ಪು ಬಿಳಿ ಅಂತ ಇರಲಿಲ್ಲ. ಅಜುಸಾ ಸ್ಟ್ರೀಟ್ ಓದಿ ನೋಡಿ.”

ಅಜುಸಾ ಸ್ಟ್ರೀಟ್ ಬಗ್ಗೆ ಅತ್ತೆಗೆ ಇರುವ ಹೆಮ್ಮೆ ನ್ಯಾಯವಾದದ್ದು. 1906ರಲ್ಲಿ ಲಾಸ್ ಏಂಜಲೀಸಿನ ಆ ಬೀದಿಯಲ್ಲಿ ವಿಲಿಯಂ ಸೀಮೋರ್ ನಡೆಸಿದ ಕೂಟಗಳಲ್ಲಿ ಎಲ್ಲ ಬಣ್ಣದವರೂ ಪಕ್ಕಪಕ್ಕ ಕೂತು ಪ್ರಾರ್ಥಿಸಿದರು. ಸೀಮೋರ್ ಅವರ ತಂದೆತಾಯಿ ಗುಲಾಮರಾಗಿದ್ದವರು. ಅದಕ್ಕೆ ಮೊದಲು ಹ್ಯೂಸ್ಟನ್ನಿನಲ್ಲಿ ಚಾರ್ಲ್ಸ್ ಪಾರ್ಹಮ್ ಅವರ ಬೈಬಲ್ ಶಾಲೆಯಲ್ಲಿ ಸೀಮೋರ್ ಬಿಳಿ ವಿದ್ಯಾರ್ಥಿಗಳ ಜೊತೆ ಕೂರುವಂತಿರಲಿಲ್ಲ. ಕೋಣೆಯ ಹೊರಗೆ ಕೂತು, ತೆರೆದ ಬಾಗಿಲಿನಿಂದ ಕೇಳಿಸಿಕೊಂಡು ಕಲಿತರು.

ಆದರೆ ಅದು ಉಳಿಯಲಿಲ್ಲ. ಕೆಲವೇ ವರ್ಷಗಳಲ್ಲಿ ಪೆಂತೆಕೋಸ್ತದವರೂ ಬಣ್ಣದ ಮೇಲೆ ಬೇರೆಯಾದರು. 1948ರಲ್ಲಿ ಅವರು ಕಟ್ಟಿದ ಉತ್ತರ ಅಮೆರಿಕದ ಒಕ್ಕೂಟಕ್ಕೆ ಬರೀ ಬಿಳಿಯರ ಸಭೆಗಳನ್ನು ಸೇರಿಸಿಕೊಂಡರು. 1994ರಲ್ಲಿ ಮೆಂಫಿಸ್‌ನಲ್ಲಿ ಸೇರಿ ಆ ಒಕ್ಕೂಟವನ್ನು ವಿಸರ್ಜಿಸಿದರು. ಅಲ್ಲಿ ಬಿಳಿ ಪಾಸ್ಟರೊಬ್ಬರು ಕಪ್ಪು ಬಿಷಪ್ಪರ ಪಾದ ತೊಳೆದರು. ಅತ್ತೆಗೆ ಇದೆಲ್ಲ ಬರೆದಾಗ ನನ್ನ ಮೇಲೂ ಕೋಪ ಬಂತು. ಆದರೆ ಮೆಂಫಿಸಿನ ಸಾಲನ್ನು ಮಾತ್ರ ಅವರು ತಮ್ಮ ಸಭೆಯ ಗುಂಪಿಗೆ ಕಳಿಸಿದ್ದಾರೆ ಅಂತ ಆಮೇಲೆ ಗೊತ್ತಾಯಿತು.

“ಸತ್ಯವೇದದಲ್ಲಿ ಎಲ್ಲಿದೆ ಇದು? ಓದಿದವರು ಹೇಗೆ ಒಪ್ಪಿದರು?” ಇದು ಚಿಕ್ಕಮ್ಮನ ಪ್ರಶ್ನೆ. ಇಡೀ ದಿನದ ಒಳ್ಳೆಯ ಪ್ರಶ್ನೆ ಅಂತ ನನಗನ್ನಿಸಿತು. ವರ್ಣಭೇದವನ್ನು ಸಮರ್ಥಿಸಿದವರು ಆದಿಕಾಂಡ 9ನ್ನು ಹಿಡಿದುಕೊಂಡರು, ಕಪ್ಪು ಜನರ ಮೇಲೆ ನೋಹನ ಮಗ ಹಾಮನ ಶಾಪ ಇದೆ ಅಂತ. ಆದರೆ ಅಲ್ಲಿ ನೋಹ ಶಪಿಸುವುದು ಹಾಮನ ಮಗ ಕಾನಾನನನ್ನು. ಬಣ್ಣದ ಮಾತೇ ಇಲ್ಲ. ಇನ್ನೊಂದು, ಅಪೊಸ್ತಲರ ಕೃತ್ಯಗಳು 17:26. ದೇವರು ಎಲ್ಲ ಜನಾಂಗಗಳನ್ನೂ ಒಬ್ಬನಿಂದಲೇ ಉಂಟುಮಾಡಿದನು ಅನ್ನುವ ಮೊದಲರ್ಧವನ್ನು ಒಂದು ಪಕ್ಷದವರು ಓದಿದರು. ಅವರವರ ನಿವಾಸದ ಮೇರೆಗಳನ್ನು ನಿಷ್ಕರ್ಷಿಸಿದನು ಅನ್ನುವ ಉಳಿದರ್ಧವನ್ನು ಇನ್ನೊಂದು ಪಕ್ಷದವರು ಓದಿದರು. ಒಂದೇ ವಚನ!

ಅಷ್ಟರಲ್ಲಿ ಜಾರ್ಜಿಯಾದಲ್ಲಿರುವ ಅಕ್ಕನ ಮಗ ಎದ್ದು ನೋಡಿದ. ಅವನಿಗೆ ಅಲ್ಲಿ ಆಗ ಬೆಳಗಿನ ಹೊತ್ತು. ಮೇಕನ್ ಊರಿನ ಸ್ಯಾಮ್ ಓನಿ ಕಥೆ ಗೊತ್ತಾ ಅಂತ ಕೇಳಿದ. ಗೊತ್ತಿತ್ತು, ಆದರೂ ಅವನೇ ಹೇಳಲಿ ಅಂತ ಬಿಟ್ಟೆ. ಸ್ಯಾಮ್ ಓನಿ ಘಾನಾದವರು. ದಕ್ಷಿಣದ ಬ್ಯಾಪ್ಟಿಸ್ಟ್ ಮಿಷನರಿಗಳಿಂದಲೇ ಅಲ್ಲಿ ಕ್ರೈಸ್ತರಾದವರು. 1963ರಲ್ಲಿ ಮೇಕನ್ನಿನ ಮರ್ಸರ್ ವಿಶ್ವವಿದ್ಯಾಲಯಕ್ಕೆ ಸೇರಿದರು. ಮೊದಲ ಕಪ್ಪು ವಿದ್ಯಾರ್ಥಿಗಳಲ್ಲಿ ಒಬ್ಬರು. ಕ್ಯಾಂಪಸ್ಸಿನಲ್ಲೇ ಟ್ಯಾಟ್ನಾಲ್ ಸ್ಕ್ವೇರ್ ಬ್ಯಾಪ್ಟಿಸ್ಟ್ ಚರ್ಚ್ ಇತ್ತು. 1966ರ ಸೆಪ್ಟೆಂಬರಿನಲ್ಲಿ ಅವರು ಆರಾಧನೆಗೆ ಹೋದಾಗ ಬಾಗಿಲಲ್ಲೇ ತಡೆದರು. ಅವರ ಪರ ನಿಂತ ಪಾಸ್ಟರ್ ಥಾಮಸ್ ಹೋಮ್ಸ್ ಮತ್ತು ಇಬ್ಬರು ಸಹಾಯಕರನ್ನು ಸಭೆ ಮತ ಹಾಕಿ ಕೆಲಸದಿಂದ ತೆಗೆಯಿತು.

ಘಾನಾದಲ್ಲಿ ಈ ದಕ್ಷಿಣದ ಬ್ಯಾಪ್ಟಿಸ್ಟರ ಕಾಣಿಕೆ ದುಡ್ಡಿನಿಂದ ದೀಕ್ಷಾಸ್ನಾನ. ಇವರ ಊರಿಗೆ ಬಂದರೆ ಬಾಗಿಲು ಬಂದ್. ನಮ್ಮಂಥ ಮಿಷನ್ ಮನೆತನದವರಿಗೆ ಇದು ದೂರದ ಸುದ್ದಿ ಆಗಬಾರದು. ದೊಡ್ಡಪ್ಪ ಇದನ್ನು ಓದಿ, “ಅವರು ಬ್ಯಾಪ್ಟಿಸ್ಟರು” ಅಂತ ಬರೆದರು.

ಹಾಗಾಗಿ ಮಿಸಿಸಿಪ್ಪಿಯ ಜ್ಯಾಕ್ಸನ್ ಊರಿನ ಗ್ಯಾಲೊವೇ ಮೆಮೋರಿಯಲ್ ಮೆಥೊಡಿಸ್ಟ್ ಚರ್ಚಿನ ಕಥೆ ಹೇಳಬೇಕಾಯಿತು. 1963ರ ಜೂನ್ 9ರಂದು ಅಲ್ಲಿಗೆ ಬಂದ ಕಪ್ಪು ಜನರನ್ನು ಬಾಗಿಲಲ್ಲಿ ತಿರುಗಿಸಿ ಕಳಿಸಿದರು. ಆ ಸಭೆಯನ್ನು 18 ವರ್ಷ ನಡೆಸಿದ ಪಾಸ್ಟರ್ ಡಬ್ಲ್ಯು. ಬಿ. ಸೀಲಾ ವೇದಿಕೆಯಿಂದಲೇ ರಾಜೀನಾಮೆ ಹೇಳಿದರು. ಅಕ್ಟೋಬರಿನಲ್ಲಿ ಅದೇ ಊರಿನ ಕ್ಯಾಪಿಟಲ್ ಸ್ಟ್ರೀಟ್ ಮೆಥೊಡಿಸ್ಟ್ ಚರ್ಚಿನ ಮೆಟ್ಟಿಲ ಮೇಲೆ ಮೂವರು ವಿದ್ಯಾರ್ಥಿನಿಯರನ್ನು ಪೊಲೀಸರು ಹಿಡಿದರು. ಇಬ್ಬರು ಕಪ್ಪು, ಒಬ್ಬರು ಬಿಳಿ. ಅದು ಲೋಕದ ಹಲವು ಸಭೆಗಳು ಒಟ್ಟಾಗಿ ಕರ್ತನ ಭೋಜನ ಆಚರಿಸುವ ಭಾನುವಾರ.

1964ರ ಈಸ್ಟರ್ ದಿನ ಗ್ಯಾಲೊವೇ ಬಾಗಿಲಿಗೆ ಇಬ್ಬರು ಮೆಥೊಡಿಸ್ಟ್ ಬಿಷಪ್ಪರು ಒಟ್ಟಿಗೆ ಬಂದರು. ಕಪ್ಪು ಬಿಷಪ್ ಚಾರ್ಲ್ಸ್ ಗೋಲ್ಡನ್, ಬಿಳಿ ಬಿಷಪ್ ಜೇಮ್ಸ್ ಮ್ಯಾಥ್ಯೂಸ್. ಇಬ್ಬರನ್ನೂ ಒಳಗೆ ಬಿಡಲಿಲ್ಲ. ಈ ಮ್ಯಾಥ್ಯೂಸ್ ಭಾರತದಲ್ಲಿ ಮಿಷನರಿಯಾಗಿದ್ದವರು. ಗಾಂಧೀಜಿಯ ಸತ್ಯಾಗ್ರಹದ ಬಗ್ಗೆ ಸಂಶೋಧನೆ ಮಾಡಿದವರು. ಸಾತ್‌ತಾಲ್ ಆಶ್ರಮದ ಇ. ಸ್ಟ್ಯಾನ್ಲಿ ಜೋನ್ಸ್ ಅವರ ಅಳಿಯ.

ಸ್ಟ್ಯಾನ್ಲಿ ಜೋನ್ಸ್ ಹೆಸರು ಬಂದದ್ದೇ ದೊಡ್ಡಪ್ಪ ಮೆತ್ತಗಾದರು. ಅವರ ಭಾಷಣವನ್ನು ಅಜ್ಜ ಕೇಳಿದ್ದರಂತೆ. “ನಮ್ಮವರೇ ಬಾಗಿಲಲ್ಲಿ ನಿಂತರಲ್ಲ” ಅಂದರು. ನಿಂತವರೂ ಮೆಥೊಡಿಸ್ಟರು, ತಡೆದವರೂ ಮೆಥೊಡಿಸ್ಟರು ಅಂತ ನಾನು ಬರೆದೆ. ಎರಡನ್ನೂ ಒಪ್ಪಿಕೊಂಡರೆ ಮಾತ್ರ ಆ ಮಿಷನ್ನಿನ ಕಥೆ ಪೂರ್ತಿಯಾಗುತ್ತದೆ ಅಂತಲೂ ಬರೆದೆ.

ಈಗ ಹೇಗಿದೆ ಅಂತ ತಂಗಿಯ ಮಗಳು ಕೇಳಿದಳು. ದಕ್ಷಿಣದ ಬ್ಯಾಪ್ಟಿಸ್ಟರು 1995ರಲ್ಲಿ ಗುಲಾಮಗಿರಿಗೂ ವರ್ಣಭೇದಕ್ಕೂ ಕ್ಷಮೆ ಕೇಳಿದರು. 2012ರಲ್ಲಿ ಫ್ರೆಡ್ ಲೂಟರ್ ಅವರ ಮೊದಲ ಕಪ್ಪು ಅಧ್ಯಕ್ಷರಾದರು. ಬಾಗಿಲಲ್ಲಿ ಈಗ ಯಾರೂ ತಡೆಯುವುದಿಲ್ಲ. ಆದರೂ ಹೆಚ್ಚಿನವರು ಬೇರೆಬೇರೆಯಾಗಿಯೇ ಕೂರುತ್ತಾರೆ. ಕಪ್ಪು ಸಭೆ ಅನ್ನುವುದು ಬರೀ ಹೊರಗೆ ಹಾಕಿಸಿಕೊಂಡವರ ಗುಂಪಲ್ಲ ಅಂತಲೂ ಅವಳಿಗೆ ಹೇಳಿದೆ. ಅಲ್ಲಿ ಅವರು ಶಾಲೆ ಕಟ್ಟಿದರು, ನಾಯಕರನ್ನು ಬೆಳೆಸಿದರು, ಹಾಡು ಕಟ್ಟಿದರು. ಬೆತೆಲ್ ಇವತ್ತಿಗೂ ಫಿಲಡೆಲ್ಫಿಯಾದ ಅದೇ ಜಾಗದಲ್ಲಿದೆ. ಇಷ್ಟು ಪಡೆದ ಮೇಲೆ ಅದನ್ನು ಬಿಟ್ಟು ಬನ್ನಿ ಅಂತ ಕೇಳುವ ಹಕ್ಕು ಯಾರಿಗಿದೆ?

ಆಗ ಚಿಕ್ಕಮ್ಮ ಬರೆದರು: “ನಮ್ಮ ಸಭೆಯಲ್ಲಿ ಮೊದಲು ಯಾರು ಮುಂದೆ ಕೂರುತ್ತಿದ್ದರು, ಯಾರು ಹಿಂದೆ? ನಮ್ಮಮ್ಮ ಏನೋ ಹೇಳುತ್ತಿದ್ದಳು. ಹಳೆಯ ರಿಜಿಸ್ಟರ್ ದೊಡ್ಡಭಾವನ ಹತ್ರ ಇದೆಯಲ್ಲ?” ಅವರ ದೊಡ್ಡಭಾವ ಅಂದರೆ ನಮ್ಮ ದೊಡ್ಡಪ್ಪ.

ಭಾವ ಈ ಸಲ ಮೂಲ ಕೇಳಲಿಲ್ಲ. “ಅದು ಬೇರೆ ವಿಷಯ” ಅಂದರು. ಚಿಕ್ಕಪ್ಪನ ಮಗ ಇನ್ನೊಂದು ಕ್ರಿಸ್ಮಸ್ ಫೋಟೋ ಹಾಕಿದ. ದೊಡ್ಡಪ್ಪನ ಉತ್ತರ ಇನ್ನೂ ಬಂದಿಲ್ಲ. ಅದು ಬೇರೆ ವಿಷಯ ಅಂತ ನನಗೆ ಅನ್ನಿಸುವುದಿಲ್ಲ. ರಿಜಿಸ್ಟರ್ ಬೇಕು ಅಂತ ನಾನೂ ಗುಂಪಿನಲ್ಲೇ ಬರೆದಿದ್ದೇನೆ. ಮುಂದಿನ ತಿಂಗಳು ಕೋಲಾರಕ್ಕೆ ಹೋಗುವಾಗ ಚಿಕ್ಕಮ್ಮನನ್ನೂ ಕರೆದುಕೊಂಡು ಹೋಗುತ್ತೇನೆ.